ಕೊರಳಿನಿಂದ ಕಾಲ ತಿರುಗಿಸುವ ವಾದ್ಯ: ನಿಮ್ಮ ಕಥೆಗೆ ಒಂದನ್ನು ಕಟ್ಟುವ ಬಗೆ

ಕಾಲದ ಜೊತೆ ಆಟವಾಡುವ ಕಥೆ ಬರೆಯಲು ಕೂತವರು ಸಾಮಾನ್ಯವಾಗಿ ಒಂದು ಲೋಹದ ಪೆಟ್ಟಿಗೆ, ನಾಲ್ಕು ಬಟನ್, ಒಂದು ನೀಲಿ ಬೆಳಕು ಇಟ್ಟುಕೊಂಡು ಶುರು ಮಾಡುತ್ತಾರೆ. ಅದರ ಬದಲು ಬಾಯಿಂದ ನುಡಿಸುವ ಒಂದು ವಾದ್ಯ ಇಟ್ಟು ನೋಡಿ. ದನಿ ಕೊಟ್ಟರೆ ಚಕ್ರ ತಿರುಗಬೇಕು, ಚಕ್ರ ತಿರುಗಿದರೆ ಕಾಲದ ಓಟ ಬದಲಾಗಬೇಕು. ಕಥೆ ತಾನಾಗಿ ಬೇರೆ ದಾರಿ ಹಿಡಿಯುತ್ತದೆ. ಯಾಕೆಂದರೆ ಬಟನ್ ಯಾರು ಬೇಕಾದರೂ ಒತ್ತಬಹುದು. ಕೊರಳು ಹಾಗಲ್ಲ. ಅದಕ್ಕೆ ನೆಗಡಿ ಆಗುತ್ತದೆ, ಉಸಿರು ಸಾಲದೆ ಹೋಗುತ್ತದೆ, ವಯಸ್ಸಾಗುತ್ತದೆ, ಅಳು ಬಂದರೆ ಕಟ್ಟಿಕೊಳ್ಳುತ್ತದೆ.

ಕಥೆ, ಮಕ್ಕಳ ನಾಟಕ, ಕಾಮಿಕ್ಸ್, ಮೊಬೈಲ್ ಗೇಮ್, ಏನು ಬರೆಯುವವರಿಗಾದರೂ ಈ ಲೇಖನ ಉಪಯೋಗಕ್ಕೆ ಬರಲಿ ಅಂತ ಬರೆಯುತ್ತಿದ್ದೇನೆ. ಒಂದು ಮಾತನ್ನು ಮಾತ್ರ ಮೊದಲೇ ಹೇಳಿಬಿಡುತ್ತೇನೆ. ಕೊರಳಿಗೆ ಯಾವ ಮಿತಿ ಇದೆಯೋ ಅದೇ ವಾದ್ಯದ ನಿಯಮ ಆಗಬೇಕು. ಹೊರಗಿನಿಂದ ತಂದು ಅಂಟಿಸಿದ ನಿಯಮ ಓದುಗರಿಗೆ ತಟ್ಟನೆ ಗೊತ್ತಾಗಿಬಿಡುತ್ತದೆ.

ಉದಾಹರಣೆಗೆ ಅಂತ ಒಂದು ವಾದ್ಯವನ್ನು ಇಲ್ಲೇ ಕಟ್ಟುತ್ತಾ ಹೋಗೋಣ. ಅದರ ಹೆಸರು ದನಿಗಾಣ. ಬೇಕಿದ್ದರೆ ಹಾಗೇ ತೆಗೆದುಕೊಳ್ಳಿ, ಇಲ್ಲಾ ಬಿಚ್ಚಿ ನಿಮಗೆ ಬೇಕಾದ ಹಾಗೆ ಕಟ್ಟಿಕೊಳ್ಳಿ.

ಹಂತ 1: ನಿಜವಾಗಿ ಇದ್ದ ಯಂತ್ರಗಳನ್ನು ನೋಡಿ

ಕಲ್ಪನೆಗೆ ಮೊದಲು ಇತಿಹಾಸ ನೋಡುವುದು ಒಳ್ಳೆಯದು. ದನಿಯಿಂದಲೇ ನಡೆಯುವ ಯಂತ್ರಗಳು ನಿಜವಾಗಿ ಇದ್ದವು.

ಪ್ಯಾರಿಸ್ಸಿನ ಎದುವಾರ್-ಲಿಯೋ ಸ್ಕಾಟ್ ದ ಮಾರ್ತಿನ್‌ವೀಲ್ 1857ರಲ್ಲಿ ಫೋನಾಟೋಗ್ರಾಫ್ ಅನ್ನುವ ಸಾಧನಕ್ಕೆ ಪೇಟೆಂಟ್ ಪಡೆದರು. ಒಂದು ದೊಡ್ಡ ಕೊಳವೆ, ಅದರ ತುದಿಗೆ ಬಿಗಿದ ಪೊರೆ, ಪೊರೆಗೆ ಅಂಟಿಸಿದ ಒಂದು ಬಿರುಗೂದಲು. ಎದುರಿಗೆ ಹೊಗೆಮಸಿ ಹಿಡಿಸಿದ ಕಾಗದ ಸುತ್ತಿದ ಉರುಳೆ. ಕೊಳವೆಯೊಳಗೆ ಹಾಡುತ್ತಾ ಉರುಳೆ ತಿರುಗಿಸಿದರೆ ಕೂದಲು ಅತ್ತಿತ್ತ ಅಲ್ಲಾಡಿ, ಮಸಿಯ ಮೇಲೆ ಬಿಳಿ ಗೆರೆಯಾಗಿ ದನಿ ಮೂಡುತ್ತಿತ್ತು. ಅದನ್ನು ಮತ್ತೆ ಕೇಳಿಸುವ ಉದ್ದೇಶವೇ ಅವರಿಗಿರಲಿಲ್ಲ. ದನಿಯನ್ನು ಕಣ್ಣಿಂದ ನೋಡಬೇಕು ಅನ್ನುವುದಷ್ಟೇ ಆಸೆ.

1860ರ ಏಪ್ರಿಲ್‌ನಲ್ಲಿ ಹೀಗೆ ಗೀಚಿದ ಒಂದು ಫ್ರೆಂಚ್ ಜನಪದ ಹಾಡಿನ ತುಣುಕನ್ನು 2008ರಲ್ಲಿ ಅಮೆರಿಕದ ಸಂಶೋಧಕರು ಸ್ಕ್ಯಾನ್ ಮಾಡಿ, ಕಂಪ್ಯೂಟರಿನಲ್ಲಿ ಶಬ್ದವಾಗಿ ಕೇಳಿಸಿದರು. ಮೊದಲು ಕೇಳಿದವರಿಗೆ ಅದು ಹೆಣ್ಣುಮಗಳ ದನಿ ಅನ್ನಿಸಿತು. ಆಮೇಲೆ ತಿಳಿಯಿತು, ನುಡಿಸಿದ್ದು ಎರಡು ಪಟ್ಟು ವೇಗದಲ್ಲಿ. ಅರ್ಧಕ್ಕೆ ಇಳಿಸಿದಾಗ ನಿಧಾನವಾಗಿ ಹಾಡುವ ಗಂಡಸಿನ ದನಿ ಬಂತು. ಹಾಡಿದವರು ಸ್ಕಾಟ್ ಅವರೇ ಇರಬೇಕು ಅಂತ ಈಗ ನಂಬಲಾಗಿದೆ. ದನಿಯ ಗೆರೆಯ ಪಕ್ಕದಲ್ಲೇ ಅವರು ಒಂದು ಶ್ರುತಿಕವೆಯ (ಟ್ಯೂನಿಂಗ್ ಫೋರ್ಕ್) ಕಂಪನವನ್ನೂ ಗೀಚಿಸಿಟ್ಟಿದ್ದರು. ಉರುಳೆಯನ್ನು ಕೈಯಲ್ಲಿ ತಿರುಗಿಸುವಾಗ ವೇಗ ಏರುಪೇರಾಗುತ್ತದೆ ಅಲ್ವಾ? ಶ್ರುತಿಕವೆಯ ಗೆರೆ ಇದ್ದದ್ದರಿಂದಲೇ ಒಂದೂವರೆ ಶತಮಾನದ ಮೇಲೆ ಆ ಏರುಪೇರನ್ನು ಸರಿ ಮಾಡಲು ಆಯಿತು. ಕಥೆಗಾರರು ಈ ವಿವರವನ್ನು ಎದೆಗೆ ಹಾಕಿಕೊಳ್ಳಬೇಕು. ದನಿ ಒಂದೇ ಇದ್ದರೆ ಸಾಲದು, ಜೊತೆಗೆ ಕಾಲವನ್ನು ಅಳೆಯುವ ಇನ್ನೊಂದು ಇರಬೇಕು. ನಮ್ಮ ದನಿಗಾಣದಲ್ಲಿ ಆ ಕೆಲಸ ತಾಳದ್ದು.

ಇನ್ನೊಂದು ಎಡಿಸನ್ ಅವರದ್ದು. 1877ರಲ್ಲಿ ಫೋನೋಗ್ರಾಫ್ ಮಾಡಿದ ಮೇಲೆ, 1878ರಲ್ಲಿ ಅವರು ಫೋನೋಮೋಟರ್ ಅಂತ ಒಂದನ್ನು ತಯಾರಿಸಿದರು. ಬಾಯಿಟ್ಟು ಮಾತಾಡಿದರೆ ಪೊರೆ ಕಂಪಿಸುತ್ತದೆ. ಕಂಪಿಸುವ ಪೊರೆ ಒಂದು ಸಣ್ಣ ಕೊಕ್ಕೆಯನ್ನು ತಳ್ಳುತ್ತದೆ. ಕೊಕ್ಕೆ ಹಲ್ಲುಚಕ್ರವನ್ನು ಒಂದೊಂದೇ ಹಲ್ಲು ಮುಂದಕ್ಕೆ ನೂಕುತ್ತದೆ. ಚಕ್ರ ತಿರುಗುತ್ತದೆ. ಮಾತಿನಿಂದ ತಿರುಗುವ ಚಕ್ರ! ದೊಡ್ಡ ಉಪಯೋಗ ಅದರಿಂದ ಆಗಲಿಲ್ಲ, ಆದರೆ ನಮಗೆ ಇದಕ್ಕಿಂತ ಒಳ್ಳೆಯ ಮಾದರಿ ಸಿಗುವುದಿಲ್ಲ.

ಹಡಗುಗಳಲ್ಲಿ ಬ್ಯಾಟರಿಯೇ ಇಲ್ಲದ ಫೋನುಗಳಿವೆ. ಮಾತಾಡುವವರ ದನಿಯೇ ತಂತಿಯಲ್ಲಿ ವಿದ್ಯುತ್ ಹುಟ್ಟಿಸಿ ಆ ಕಡೆಯವರ ಕಿವಿಗೆ ತಲುಪಿಸುತ್ತದೆ. ಕರೆಂಟ್ ಹೋದರೂ ಕೆಲಸ ಮಾಡಬೇಕು ಅಂತ ಇಟ್ಟಿರುವುದು.

ನಮ್ಮ ಮೈಸೂರಿಗೆ ನಂಟಿರುವ ಒಂದು ಸಂಗತಿಯೂ ಇದೆ. 1902ರಲ್ಲಿ ಕಲ್ಕತ್ತದಲ್ಲಿ ಗಾಯಕಿ ಗೌಹರ್ ಜಾನ್ ಗ್ರಾಮಫೋನಿಗೆ ಹಾಡಿದಾಗ ಮೈಕ್ ಇರಲಿಲ್ಲ. ಕೊಂಬಿನಂಥ ಕೊಳವೆಯೊಳಗೆ ಗಟ್ಟಿಯಾಗಿ ಹಾಡಬೇಕು. ಆ ದನಿಯ ಬಲವೇ ಸೂಜಿಯನ್ನು ಅಲ್ಲಾಡಿಸಿ ಮೇಣದ ಮೇಲೆ ಗೀರು ಕೊರೆಯಬೇಕು. 1925ರ ಹೊತ್ತಿಗೆ ಮೈಕ್ ಬರುವ ತನಕ ಜಗತ್ತಿನ ಎಲ್ಲ ಹಾಡುಗಾರರೂ ಹೀಗೇ ಕೊರಳಿನ ಬಲದಿಂದ ತಟ್ಟೆ ಕೊರೆದವರು. ತಟ್ಟೆಯಲ್ಲಿ ಜಾಗ ಇದ್ದದ್ದು ಸುಮಾರು ಮೂರು ನಿಮಿಷಕ್ಕೆ. ಗಂಟೆಗಟ್ಟಲೆ ಬೆಳೆಸುವ ರಾಗವನ್ನು ಗೌಹರ್ ಜಾನ್ ಆ ಮೂರು ನಿಮಿಷದಲ್ಲಿ ಕೂರಿಸಿದರು. ಕಾಲವನ್ನು ಮಡಿಸಿ ಇಡುವುದು ಅಂದರೆ ಇದೇ ತಾನೆ. ಕೊನೆಗಾಲದಲ್ಲಿ ಅವರು ಮೈಸೂರಿನ ಆಸ್ಥಾನದಲ್ಲಿದ್ದರು. 1930ರಲ್ಲಿ ಅಲ್ಲೇ ತೀರಿಕೊಂಡರು. ಹಳೆ ಮೈಸೂರಿನಲ್ಲಿ ನಡೆಯುವ ಕಥೆ ಬರೆಯುವವರಿಗೆ ಇದೊಂದು ಗಟ್ಟಿ ಎಳೆ.

ಹಂತ 2: ವಾದ್ಯಕ್ಕೆ ಒಂದೇ ಕೆಲಸ ಕೊಡಿ

ಹಿಂದಕ್ಕೆ ಹೋಗುವುದು, ಮುಂದಕ್ಕೆ ಹಾರುವುದು, ನಿಲ್ಲಿಸುವುದು, ನಿಧಾನ ಮಾಡುವುದು, ಎಲ್ಲವನ್ನೂ ಒಂದೇ ವಾದ್ಯಕ್ಕೆ ಕೊಟ್ಟರೆ ಕಥೆಯಲ್ಲಿ ಕಷ್ಟ ಅನ್ನುವುದೇ ಉಳಿಯುವುದಿಲ್ಲ. ಏನೇ ತೊಂದರೆ ಬಂದರೂ "ಹಾಡಿ ಸರಿ ಮಾಡಬಹುದಲ್ಲ" ಅಂತ ಓದುಗರು ಕೇಳುತ್ತಾರೆ.

ದನಿಗಾಣದ ಕೆಲಸ ಇಷ್ಟೇ: ನುಡಿಸುವವರ ಕಾಲ ಬೇಗ ಓಡುತ್ತದೆ. ಅವರ ಪಾಲಿಗೆ ಹೊರಗಿನ ಜಗತ್ತು ನಿಧಾನವಾಗುತ್ತದೆ. ಹಿಂದಕ್ಕೆ ಹೋಗುವುದು ಇಲ್ಲವೇ ಇಲ್ಲ.

ಹಿಂದಿನ ಕಾಲ ಬೇಕೇ ಬೇಕು ಅನ್ನುವವರು ಪ್ರತಿಧ್ವನಿಯ ದಾರಿ ಹಿಡಿಯಬಹುದು. ವಿಜಯಪುರದ ಗೋಲಗುಮ್ಮಟದ ಒಳ ಅಗಲ ಸುಮಾರು 38 ಮೀಟರ್. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಓಡುತ್ತದೆ. ಒಂದು ಗೋಡೆಯಿಂದ ಹೊರಟ ಕೂಗು ಎದುರು ಗೋಡೆಗೆ ಬಡಿದು ವಾಪಸ್ ಬರಲು ಸೆಕೆಂಡಿನ ಐದನೇ ಒಂದು ಪಾಲು ಬೇಕು. ಅಂದರೆ ಅಲ್ಲಿ ನಿಂತವರು ಕೇಳಿಸಿಕೊಳ್ಳುವುದು ತಮ್ಮದೇ ಸ್ವಲ್ಪ ಹಿಂದಿನ ದನಿಯನ್ನು. ಆ ಐದನೇ ಒಂದು ಪಾಲನ್ನು ಒಂದು ದಿನಕ್ಕೆ, ಒಂದು ವರ್ಷಕ್ಕೆ ಹಿಗ್ಗಿಸಿದರೆ ಅದೇ ಒಂದು ಕಥೆ. ಅದು ಬೇರೆ ವಾದ್ಯ, ಬೇರೆ ನಿಯಮ. ಎರಡನ್ನೂ ಬೆರೆಸಬೇಡಿ.

ಹಂತ 3: ಶಕ್ತಿ ಎಲ್ಲಿಂದ ಬರುತ್ತದೆ ಅಂತ ತೀರ್ಮಾನಿಸಿ

ಇಲ್ಲಿ ಸ್ವಲ್ಪ ನಿಷ್ಠುರವಾಗಿ ಇರಬೇಕು. ನಾವು ಸುಮ್ನೆ ಮಾತಾಡುವಾಗ ಬಾಯಿಂದ ಹೊರಬರುವ ಧ್ವನಿಶಕ್ತಿ ಒಂದು ವ್ಯಾಟ್‌ನ ಲಕ್ಷದಲ್ಲಿ ಒಂದೆರಡು ಪಾಲು. ಒಂದು ವ್ಯಾಟ್ ಒಟ್ಟು ಮಾಡಬೇಕಾದರೆ ಒಂದು ದೊಡ್ಡ ಊರಿನ ಜನವೆಲ್ಲ ಒಟ್ಟಿಗೆ ಮಾತಾಡಬೇಕು. ಇಷ್ಟು ಸಣ್ಣ ಶಕ್ತಿಯಿಂದ ಕಾಲ ಬಗ್ಗುತ್ತದೆ ಅಂದರೆ ಯಾರೂ ನಂಬುವುದಿಲ್ಲ.

ಆದ್ದರಿಂದ ದನಿಯನ್ನು ಇಂಧನ ಅನ್ನಬೇಡಿ. ದನಿ ಚಕ್ರವನ್ನು ತಿರುಗಿಸುತ್ತದೆ ಅಷ್ಟೇ. ಪೊರೆ, ಕೊಕ್ಕೆ, ಹಲ್ಲುಚಕ್ರ, ಇಲ್ಲಿಯವರೆಗೆ ಎಲ್ಲವನ್ನೂ ಕೈಗೆ ಸಿಗುವಷ್ಟು ಸ್ಪಷ್ಟವಾಗಿ ವಿವರಿಸಿ. ಚಕ್ರ ತಿರುಗಿದಾಗ ಕಾಲ ಯಾಕೆ ಬದಲಾಗುತ್ತದೆ ಅನ್ನುವುದನ್ನು ವಿವರಿಸಲು ಹೋಗಲೇಬೇಡಿ. ಒಂದು ಸುಳ್ಳನ್ನು ಓದುಗರು ಖುಷಿಯಿಂದ ಒಪ್ಪುತ್ತಾರೆ. ಅದಕ್ಕೆ ಹತ್ತು ಸಾಲಿನ ಸಮಜಾಯಿಷಿ ಕೊಟ್ಟರೆ ಆಗ ಅನುಮಾನ ಶುರುವಾಗುತ್ತದೆ.

ದನಿಗಾಣದ ಒಡಲು ಹಲಸಿನ ಮರದ್ದು. ಮೃದಂಗ, ವೀಣೆ ಮಾಡುವವರ ಕೈಗೆ ಪಳಗಿದ ಮರ ಅದು. ಒಂದು ಸಣ್ಣ ಬಟ್ಟಲಿನಷ್ಟು ಗಾತ್ರ, ಬಾಯಿಗೆ ತೆಳು ಚರ್ಮ ಬಿಗಿದಿದೆ, ಒಳಗೆ ಹಿತ್ತಾಳೆಯ ಹಲ್ಲುಚಕ್ರ. ಗದ್ದದ ಕೆಳಗೆ ಬರುವ ಹಾಗೆ ಪಟ್ಟಿ ಕಟ್ಟಿ ಕೊರಳಿಗೆ ತೂಗುಹಾಕಿಕೊಳ್ಳಬೇಕು. ಕೈಯಲ್ಲಿ ಹಿಡಿಯುವಂತಿಲ್ಲ. ಯಾಕೆ ಅನ್ನುವುದು ಮುಂದಿನ ಹಂತದಲ್ಲಿ ಬರುತ್ತದೆ. ಚರ್ಮ ಇರುವುದರಿಂದ ಮಳೆಗಾಲದಲ್ಲಿ ಅದು ಸಡಿಲವಾಗುತ್ತದೆ, ಚಳಿಗಾಲದ ಒಣ ಹವೆಯಲ್ಲಿ ಬಿಗಿಯುತ್ತದೆ. ಮದ್ದಳೆ ಬಾರಿಸುವವರಿಗೆ ಇದು ದಿನನಿತ್ಯದ ತಲೆನೋವು. ಆಷಾಢದಲ್ಲಿ ನಡೆಯುವ ದೃಶ್ಯಕ್ಕೆ ಒಂದು ಕಷ್ಟ ಪುಕ್ಕಟೆ ಸಿಕ್ಕಿತು!

ಹಂತ 4: ಉಸಿರು ಮತ್ತು ತಾಳದಿಂದ ನಿಯಮ ಹೆಣೆಯಿರಿ

ಈ ಹಂತಕ್ಕೆ ಜಾಸ್ತಿ ಹೊತ್ತು ಕೊಡಿ. ವಾದ್ಯದ ಜೀವ ಇಲ್ಲೇ ಇದೆ.

ದನಿಯಿಂದ ಕಾಲವನ್ನು ಹಿಗ್ಗಿಸುವ, ಕುಗ್ಗಿಸುವ ವಿದ್ಯೆ ನಮ್ಮಲ್ಲಿ ನಿಜವಾಗಿಯೇ ಇದೆ. ಕೊನ್ನಕೋಲು, ಅಂದರೆ ಲಯದ ಸೊಲ್ಲುಗಳನ್ನು ಬಾಯಲ್ಲಿ ಹೇಳುವ ಕಲೆ, ಕೇಳಿದವರಿಗೆ ಗೊತ್ತು. ಕೈಯಲ್ಲಿ ತಾಳ ಒಂದೇ ಸಮನೆ ನಡೆಯುತ್ತಿರುತ್ತದೆ. ಬಾಯಲ್ಲಿ ಮಾತ್ರ ಜತಿ (ಸೊಲ್ಲುಗಳ ಸಾಲು) ಒಂದನೇ ಕಾಲದಿಂದ, ಅಂದರೆ ಒಂದನೇ ವೇಗದಿಂದ, ಎರಡನೇ ಕಾಲಕ್ಕೆ, ಅಲ್ಲಿಂದ ಮೂರನೇ ಕಾಲಕ್ಕೆ ಏರುತ್ತದೆ. ಅದೇ ಎಂಟು ಎಣಿಕೆಯೊಳಗೆ ಎಂಟು ಮಾತ್ರೆ (ಸೊಲ್ಲಿನ ತುಣುಕು) ಹಿಡಿಸಿದ್ದು ಹದಿನಾರಾಗುತ್ತದೆ, ಮೂವತ್ತೆರಡಾಗುತ್ತದೆ. ಗತಿ ಬದಲಿಸಿ ತಕಿಟ ತಕಿಟ ಅಂದರೆ ಇಪ್ಪತ್ತನಾಲ್ಕು. ಯಕ್ಷಗಾನದ ಬಾಯಿತಾಳದಲ್ಲೂ ಈ ಸೊಗಸಿದೆ. ಭಾಗವತರಂತೂ ಯುದ್ಧಕ್ಕೆ ಹೊರಡುವ ಒಂದು ಕ್ಷಣವನ್ನು ಕಾಲು ಗಂಟೆ ಎಳೆಯಬಲ್ಲರು, ಮುಂದಿನ ಪದ್ಯದಲ್ಲಿ ಹನ್ನೆರಡು ವರ್ಷ ದಾಟಿಸಿಬಿಡಬಲ್ಲರು. ಇಷ್ಟೆಲ್ಲ ನಮ್ಮ ಕೈಯಲ್ಲಿರುವಾಗ ವಾದ್ಯಕ್ಕೆ ನೀಲಿ ಬೆಳಕು ಯಾಕೆ ಬೇಕು?

ದನಿಗಾಣದ ನಿಯಮ ಹೀಗೆ ಹೆಣೆದಿದ್ದೇನೆ. ತಾಳ ಆದಿತಾಳ: ನಾಲ್ಕು ಎಣಿಕೆಯ ಒಂದು ಲಘು, ಎರಡೆರಡು ಎಣಿಕೆಯ ಎರಡು ದ್ರುತ, ಒಟ್ಟು ಎಂಟು ಅಕ್ಷರ (ಎಣಿಕೆ). ಸೆಕೆಂಡಿಗೆ ಒಂದು ಅಕ್ಷರ ಅಂತ ಗಟ್ಟಿ ಮಾಡಿಕೊಳ್ಳೋಣ. ತಾಳದ ಒಂದು ಸುತ್ತಿಗೆ, ಅಂದರೆ ಒಂದು ಆವರ್ತನಕ್ಕೆ, ಎಂಟು ಸೆಕೆಂಡ್. ಒಂದು ಅಕ್ಷರಕ್ಕೆ ಎಷ್ಟು ಮಾತ್ರೆ ಹೇಳುತ್ತೀರೋ ಕಾಲ ಅಷ್ಟು ಪಟ್ಟು ಬೇಗ ಓಡುತ್ತದೆ. ಒಂದು ಹೇಳಿದರೆ ಜಗತ್ತಿನ ಜೊತೆಗೇ ಇರುತ್ತೀರಿ. ಎರಡು ಅಂದರೆ ಎರಡು ಪಟ್ಟು. ತಕಿಟ ಅಂದರೆ ಮೂರು, ತಕಧಿಮಿ ಅಂದರೆ ನಾಲ್ಕು, ತಕತಕಿಟ ಅಂದರೆ ಐದು. ಪಳಗಿದವರು ಸೆಕೆಂಡಿಗೆ ಎಂಟು ಹೇಳಬಲ್ಲರು. ಹೊಸಬರ ನಾಲಿಗೆ ಅಲ್ಲಿ ತೊಡರುತ್ತದೆ. ಹೀಗೆ ಕಲಿತವರಿಗೂ ಕಲಿಯುವವರಿಗೂ ವ್ಯತ್ಯಾಸ ತಾನಾಗಿ ಬಂತು.

ಉಸಿರು ಕಡಿದರೆ ಚಕ್ರ ನಿಲ್ಲುತ್ತದೆ. ಆರೋಗ್ಯವಾಗಿರುವ ದೊಡ್ಡವರು ಒಂದೇ ಉಸಿರಿನಲ್ಲಿ ದನಿ ಹಿಡಿಯಬಲ್ಲದ್ದು ಸಾಮಾನ್ಯವಾಗಿ 15ರಿಂದ 25 ಸೆಕೆಂಡ್. ನಮ್ಮ ಲೆಕ್ಕಕ್ಕೆ ಎರಡು ಆವರ್ತನ, ಅಂದರೆ 16 ಸೆಕೆಂಡ್ ಇಟ್ಟುಕೊಳ್ಳೋಣ. ನಾಲ್ಕು ಪಟ್ಟು ಓಟದಲ್ಲಿ ಒಳಗೆ 16 ಸೆಕೆಂಡ್ ಕಳೆದಾಗ ಹೊರಗೆ ಕಳೆದದ್ದು ನಾಲ್ಕೇ. ಒಂದು ಉಸಿರಿಗೆ ಸಿಕ್ಕ ಲಾಭ 12 ಸೆಕೆಂಡ್. ಕಡಿಮೆ ಅನ್ನಿಸಿತೇ? ಐದು ಮೀಟರ್ ಎತ್ತರದ ತಾರಸಿಯಿಂದ ಬಿದ್ದ ವಸ್ತು ನೆಲ ಮುಟ್ಟಲು ಒಂದು ಸೆಕೆಂಡ್ ಬೇಕು. ದನಿಗಾಣ ನುಡಿಸುವವರಿಗೆ ಅದು ನಾಲ್ಕು ಸೆಕೆಂಡ್. ಅಂಗಳದ ಆ ತುದಿಯಿಂದ ಓಡಿ ಬಂದು ಹಿಡಿಯಬಹುದು.

ನಿಲ್ಲಿಸುವುದಕ್ಕೂ ನಿಯಮ ಬೇಕು. ಇಲ್ಲಿ ಮುಕ್ತಾಯ ನೆರವಿಗೆ ಬರುತ್ತದೆ. ಒಂದೇ ಜತಿಯನ್ನು ಮೂರು ಸಲ ಹೇಳಿ ಸಮಕ್ಕೆ, ಅಂದರೆ ಮುಂದಿನ ಆವರ್ತನದ ಮೊದಲ ಪೆಟ್ಟಿಗೆ, ಸರಿಯಾಗಿ ಬಂದು ಕೂರಬೇಕು. ತದಿಗಿಣತೊಂ ತದಿಗಿಣತೊಂ ತದಿಗಿಣತೊಂ. ಐದು ಮೂರಲ ಹದಿನೈದು. ತಕಧಿಮಿಯ ಓಟದಲ್ಲಿ ಒಂದು ಆವರ್ತನಕ್ಕೆ 32 ಮಾತ್ರೆ. ಅದರಲ್ಲಿ 15 ಕಳೆದರೆ 17. ಅಂದರೆ ಎರಡನೇ ಆವರ್ತನದ ಹದಿನೇಳು ಮಾತ್ರೆ ಮುಗಿಸಿ ಹದಿನೆಂಟನೆಯದಕ್ಕೆ ಸರಿಯಾಗಿ ಮುಕ್ತಾಯ ಎತ್ತಬೇಕು. ಸಮಕ್ಕೆ ಬಂದು ಮುಟ್ಟಿದರೆ ಹೊರಗಿನ ಕಾಲಕ್ಕೆ ಸಲೀಸಾಗಿ ಸೇರಿಕೊಳ್ಳುತ್ತೀರಿ. ತಾಳ ತಪ್ಪಿದರೆ? ಅದು ನಿಮಗೆ ಬಿಟ್ಟದ್ದು. ನನ್ನ ಮಟ್ಟಿಗೆ ಸಾವು, ಸ್ಫೋಟ ಏನೂ ಬೇಡ. ಲಾಭವಾದ ಅಷ್ಟೂ ಸೆಕೆಂಡ್ ಕೈಕಾಲು ಆಡದೆ ನಿಂತುಬಿಡುವುದು ಸಾಕು. ಕಳ್ಳ ಎದುರಿಗಿರುವಾಗ 12 ಸೆಕೆಂಡ್ ಕಂಬದ ಹಾಗೆ ನಿಲ್ಲುವುದೇ ದೊಡ್ಡ ಶಿಕ್ಷೆ.

ಇನ್ನು ಯಾರು ಒಳಗೆ, ಯಾರು ಹೊರಗೆ? ಕೈಯಲ್ಲಿ ತಾಳ ಹಾಕುವವರೆಲ್ಲ ಒಳಗೆ. ಹಾಕದವರು ಹೊರಗೆ. ಈ ನಿಯಮ ನನಗೆ ತುಂಬಾ ಇಷ್ಟ. ಬಲಗೈಯಲ್ಲಿ ತಾಳ ನಡೆಯುತ್ತಲೇ ಇರಬೇಕು, ಹಾಗಾಗಿ ಏನೇ ಮಾಡುವುದಿದ್ದರೂ ಎಡಗೈ ಒಂದೇ ಗತಿ. ವಾದ್ಯವನ್ನು ಕೊರಳಿಗೆ ತೂಗುಹಾಕಿದ್ದು ಅದಕ್ಕೇ. ಜೊತೆಗೆ ಯಾರನ್ನಾದರೂ ಕರೆದುಕೊಂಡು ಹೋಗಬೇಕಾದರೆ ಅವರಿಗೆ ತಾಳ ಬರಬೇಕು. ಪ್ರಾಣ ಉಳಿಸಬೇಕಾದ ಹೊತ್ತಿನಲ್ಲಿ ಎದುರಿಗಿರುವವರಿಗೆ ತಾಳದ ಪೆಟ್ಟು ಯಾವುದು, ಕೈ ಮಗುಚುವ ಹುಸಿ ಯಾವುದು ಗೊತ್ತಿಲ್ಲ ಅಂದರೆ ದೃಶ್ಯ ಎಷ್ಟು ಬಿಗಿಯಾಗುತ್ತದೆ ನೋಡಿ.

ಹಂತ 5: ಒಳಗಿನ ಕಿವಿಗೆ ಏನು ಕೇಳುತ್ತದೆ ಅಂತ ಲೆಕ್ಕ ಹಾಕಿ

ವಾಟ್ಸಾಪಿನಲ್ಲಿ ವಾಯ್ಸ್ ಮೆಸೇಜನ್ನು ಎರಡು ಪಟ್ಟು ವೇಗದಲ್ಲಿ ಕೇಳಿದರೂ ಹೇಳಿದವರ ದನಿ ಕೀರಲಾಗುವುದಿಲ್ಲ. ಸಾಫ್ಟ್‌ವೇರ್ ಶ್ರುತಿಯನ್ನು ಹಾಗೇ ಹಿಡಿದಿಡುತ್ತದೆ. ಹಳೆಯ ಟೇಪ್ ರೆಕಾರ್ಡರ್, ಗ್ರಾಮಫೋನಿನಲ್ಲಿ ಹಾಗಿರಲಿಲ್ಲ. ವೇಗ ಎರಡು ಪಟ್ಟಾದರೆ ಶ್ರುತಿ ಒಂದು ಸ್ಥಾಯಿ ಮೇಲೇರುತ್ತಿತ್ತು. ಕಥೆಗೆ ಈ ಹಳೆಯ ರೀತಿಯೇ ಸರಿ.

ನಾಲ್ಕು ಪಟ್ಟು ಓಟದಲ್ಲಿ ಹೊರಗಿನ ಶಬ್ದವೆಲ್ಲ ಒಳಗಿದ್ದವರಿಗೆ ಎರಡು ಸ್ಥಾಯಿ ಕೆಳಗೆ ಕೇಳಬೇಕು. ಗೋಡೆ ಗಡಿಯಾರ ನಾಲ್ಕು ಸೆಕೆಂಡಿಗೊಮ್ಮೆ ಟಿಕ್ ಅನ್ನುತ್ತದೆ. ಗಂಡಸರು ಮಾತಾಡುವ ಶ್ರುತಿ ಹೆಚ್ಚುಕಮ್ಮಿ 120 ಹರ್ಟ್ಸ್, ನಾಲ್ಕರಲ್ಲಿ ಒಂದು ಪಾಲು ಅಂದರೆ 30. ಮಾತು ಅಂತಲೇ ತಿಳಿಯುವುದಿಲ್ಲ, ಎದೆಗೆ ಗುಡುಗಿನ ಹಾಗೆ ತಟ್ಟುತ್ತದೆ ಅಷ್ಟೇ. ಹೊರಗಿನವರಿಗೆ ಇದು ತಿರುಗುಮುರುಗು. 200 ಹರ್ಟ್ಸಿನ ಹೆಂಗಸಿನ ದನಿ 800ಕ್ಕೆ ಏರಿ ಕಿರುಗುಟ್ಟುತ್ತದೆ. ಈ ವಿವರವನ್ನು ಒಂದು ದೃಶ್ಯದಲ್ಲಿ ತಂದರೂ ಸಾಕು, ಓದುಗರಿಗೆ ವಾದ್ಯದ ಮೇಲೆ ನಂಬಿಕೆ ಬರುತ್ತದೆ.

ಮುಟ್ಟುವುದರ ಬಗ್ಗೆಯೂ ಯೋಚಿಸಿ. ಒಳಗಿದ್ದವರ ಕೈ ಹೊರಗಿನವರ ಲೆಕ್ಕದಲ್ಲಿ ನಾಲ್ಕು ಪಟ್ಟು ವೇಗದಲ್ಲಿ ಬರುತ್ತದೆ. ವೇಗ ನಾಲ್ಕು ಪಟ್ಟಾದರೆ ಹೊಡೆತದ ಶಕ್ತಿ ಹದಿನಾರು ಪಟ್ಟು. ಮೆಲ್ಲಗೆ ಭುಜ ತಟ್ಟಿ ಎಬ್ಬಿಸಲು ಹೋದರೂ ಅದು ಗುದ್ದು. ಮಗುವನ್ನು ಎತ್ತಿಕೊಳ್ಳಬೇಕಾದರೆ ಕೈಯನ್ನು ಬಲು ನಿಧಾನಕ್ಕೆ ಸರಿಸಬೇಕು, ಅತ್ತ ಉಸಿರು ಮುಗಿಯುತ್ತಾ ಬರುತ್ತದೆ. ಈ ಎಳೆದಾಟದಲ್ಲಿ ಕಥೆ ಇದೆ.

ಬೆಳಕಿನ ಲೆಕ್ಕ ಮಾತ್ರ ಹಾಕಬೇಡಿ ಅನ್ನುತ್ತೇನೆ. ಶಬ್ದದ ಹಾಗೇ ಬೆಳಕನ್ನೂ ನಾಲ್ಕು ಪಟ್ಟು ಇಳಿಸಿದರೆ ಕಾಣುವ ಬಣ್ಣವೆಲ್ಲ ಕಣ್ಣಿಗೆ ಕಾಣದ ಅವಗೆಂಪಿಗೆ (ಇನ್‌ಫ್ರಾರೆಡ್) ಜಾರಿ ಒಳಗಿದ್ದವರಿಗೆ ಕಣ್ಣೇ ಕಾಣುವುದಿಲ್ಲ. ಧೈರ್ಯ ಇದ್ದರೆ ಅದನ್ನೇ ನಿಯಮ ಮಾಡಿಕೊಳ್ಳಿ: ದನಿಗಾಣ ನುಡಿಯುವಷ್ಟು ಹೊತ್ತು ಕತ್ತಲು, ಕಿವಿ ಮತ್ತು ಕೈ ಎರಡೇ ಆಸರೆ. ಇಲ್ಲದಿದ್ದರೆ ಬೆಳಕಿನ ಮಾತು ಎತ್ತದೆ ಮುಂದೆ ಹೋಗಿ.

ಹಂತ 6: ಬೆಲೆ ಕಟ್ಟಿಸಿ, ಆದರೆ ಕೊರಳಿನದ್ದೇ ಬೆಲೆ

ನೆನಪು ಹೋಗುವುದು, ಶಾಪ ತಟ್ಟುವುದು, ಇವೆಲ್ಲ ಸಾಕಷ್ಟು ಸವೆದಿವೆ. ದನಿಗಾಣಕ್ಕೆ ಅವು ಬೇಕಿಲ್ಲ. ಒಳಗೆ ಹೆಚ್ಚು ಕಾಲ ಕಳೆದವರಿಗೆ ಅಷ್ಟು ವಯಸ್ಸು ಹೆಚ್ಚಾಗುತ್ತದೆ. ದಿನಕ್ಕೆ ನೂರು ಉಸಿರು ನುಡಿಸಿದರೆ 1200 ಸೆಕೆಂಡ್, ಅಂದರೆ 20 ನಿಮಿಷ. ವರ್ಷಕ್ಕೆ ಐದು ದಿನ. 40 ವರ್ಷಕ್ಕೆ ಆರೂವರೆ ತಿಂಗಳು. ಅಂಥ ದೊಡ್ಡ ಬೆಲೆ ಏನಲ್ಲ, ಅಲ್ವಾ? ನಿಜವಾದ ಬೆಲೆ ಬೇರೆ ಕಡೆ ಇದೆ.

ಹುಡುಗರಿಗೆ ಹದಿಮೂರು ಹದಿನಾಲ್ಕರಲ್ಲಿ ದನಿ ಒಡೆಯುತ್ತದೆ. ಮಾತಿನ ಶ್ರುತಿ ಹತ್ತಿರ ಹತ್ತಿರ ಒಂದು ಸ್ಥಾಯಿ ಇಳಿಯುತ್ತದೆ. ಮಗುವಾಗಿದ್ದಾಗಿನ ದನಿಗೆ ಹದವಾದ ಚರ್ಮ ಈಗ ಕಂಪಿಸುವುದೇ ಇಲ್ಲ. ನಿನ್ನೆ ತನಕ ಕಾಲವನ್ನು ತಿರುಗಿಸುತ್ತಿದ್ದ ಹುಡುಗ ಇವತ್ತು ಎಷ್ಟು ಕೂಗಿದರೂ ವಾದ್ಯ ಮಿಸುಕುವುದಿಲ್ಲ. ಅವನ ತಂಗಿ ಅದೇ ವಾದ್ಯವನ್ನು ಎತ್ತಿಕೊಂಡು ನುಡಿಸುತ್ತಾಳೆ. ಈ ಒಂದು ಸಂಗತಿ ಇಡೀ ಕಾದಂಬರಿಗೆ ಸಾಕು. ವಯಸ್ಸಾದಂತೆ ದನಿ ನಡುಗುತ್ತದೆ, ಉಸಿರು ಗಿಡ್ಡವಾಗುತ್ತದೆ. ಎರಡು ಆವರ್ತನ ಹಿಡಿಯುತ್ತಿದ್ದವರು ಒಂದೂವರೆಗೆ ಬರುತ್ತಾರೆ. ಒಂದೂವರೆಯಲ್ಲಿ ಮುಕ್ತಾಯ ಸಮಕ್ಕೆ ಬರುವುದಿಲ್ಲ. ಒಂದೇ ಆವರ್ತನಕ್ಕೆ ತೃಪ್ತಿಪಡಬೇಕು.

ಹಂತ 7: ಒಬ್ಬರಿಂದ ಆಗದ್ದು ಗುಂಪಿನಿಂದ

ಉಸಿರಿನ ಮಿತಿ ದಾಟುವ ಒಂದು ದಾರಿಯನ್ನು ತೆರೆದಿಡಿ. ಕರಾವಳಿಯ ದೇವಸ್ಥಾನಗಳಲ್ಲಿ ಅಖಂಡ ಭಜನೆ ನಡೆಯುವುದನ್ನು ನೋಡಿದ್ದೀರಲ್ಲ. ಒಂದು ತಂಡ ಮುಗಿಸುವ ಮೊದಲೇ ಇನ್ನೊಂದು ತಂಡ ಎತ್ತಿಕೊಳ್ಳುತ್ತದೆ. ಸೂರ್ಯೋದಯಕ್ಕೆ ಶುರುವಾದದ್ದು ಮರುದಿನದ ಸೂರ್ಯೋದಯದ ತನಕ ಕಡಿಯುವುದಿಲ್ಲ. ಅದೇ ರೀತಿ ಸರದಿಯಲ್ಲಿ ನುಡಿಸಿದರೆ ದನಿಗಾಣದ ಚಕ್ರ ನಿಲ್ಲುವುದೇ ಇಲ್ಲ. ನಾಲ್ಕು ಪಟ್ಟು ಓಟ ಅಂದುಕೊಂಡರೆ ಹೊರಗಿನ ಒಂದು ದಿನಕ್ಕೆ ಒಳಗೆ ನಾಲ್ಕು ದಿನ. ಭಜನೆಯವರ ಪಾಲಿಗೆ ಸೂರ್ಯ ಹುಟ್ಟಿ, ಮುಳುಗಿ, ಮತ್ತೆ ಹುಟ್ಟಲು ನಾಲ್ಕು ದಿನ ಹಿಡಿಯುತ್ತದೆ. ನಾಲ್ಕು ದಿನಕ್ಕಾಗುವಷ್ಟು ಅಕ್ಕಿ, ನೀರು ಬೇಕು. ಸರದಿ ಇಲ್ಲದವರು ಮಲಗಬೇಕಲ್ಲ? ಮಲಗಿದವರು ತಾಳ ಹಾಕಲಾರರು, ಹೊರಗಿನ ಕಾಲಕ್ಕೆ ಜಾರುತ್ತಾರೆ. ಹೊರಗೆ ಎರಡು ಗಂಟೆ ನಿದ್ದೆ ಮಾಡಿ ಎದ್ದವರಿಗೆ ಒಳಗಿನವರು ಎಂಟು ಗಂಟೆ ದಣಿದು ಕೂತಿರುವುದು ಕಾಣುತ್ತದೆ. ಊರಿಗೆ ನೆರೆ ನುಗ್ಗುತ್ತಿದೆ, ಕಟ್ಟೆ ಕಟ್ಟಲು ಸಮಯ ಸಾಲದು ಅನ್ನುವ ಕಥೆಗೆ ಇದನ್ನು ಜೋಡಿಸಿ ನೋಡಿ.

ಹಂತ 8: ಮೊದಲ ದೃಶ್ಯ ಚಿಕ್ಕದಾಗಿರಲಿ

ವಾದ್ಯ ಮೊದಲ ಸಲ ಕಾಣಿಸಿಕೊಳ್ಳುವಾಗ ಲೋಕ ಉಳಿಸುವ ಕೆಲಸ ಬೇಡ. ಮನೆಯೊಳಗಿನ ಸಣ್ಣ ಕೆಲಸ ಸಾಕು. ಹೊರಗಿರುವವರ ಕಣ್ಣಿಂದ ಹೇಳಿದರೆ ನಿಯಮವನ್ನು ವಿವರಿಸುವ ಅಗತ್ಯವೇ ಬೀಳುವುದಿಲ್ಲ. ಒಂದು ಮಾದರಿ ಇಲ್ಲಿದೆ:

"ಅಜ್ಜೀ, ಹಾಲು!" ಅಂತ ನಾನು ಕೂಗಿದೆ. ನೊರೆ ಆಗಲೇ ಪಾತ್ರೆಯ ಅಂಚಿಗೆ ಬಂದಿತ್ತು. ನನಗೆ ಸ್ಟೌವ್ ಎಟುಕುತ್ತಿರಲಿಲ್ಲ. ಅಜ್ಜಿ ಪಡಸಾಲೆಯಲ್ಲಿ ಅಕ್ಕಿ ಆರಿಸುತ್ತಿದ್ದಳು. ಮೊರ ಪಕ್ಕಕ್ಕಿಟ್ಟು ಎದ್ದಳು. ಕೊರಳಿನಲ್ಲಿ ಯಾವಾಗಲೂ ತೂಗುವ ಆ ಮರದ ಬಟ್ಟಲಿಗೆ ಗದ್ದ ತಾಗಿಸಿದಳು. ಬಲಗೈ ತೊಡೆಯ ಮೇಲೆ ಬಿತ್ತು. ಅಷ್ಟೇ ನಾನು ಸರಿಯಾಗಿ ನೋಡಿದ್ದು. ಆಮೇಲೆ ಕಿರುಗುಟ್ಟುವ ಒಂದು ಸದ್ದು ನನ್ನ ಪಕ್ಕದಿಂದ ಹಾದುಹೋಯಿತು. ಸೀರೆಯ ಗಾಳಿ ಕೆನ್ನೆಗೆ ಹೊಡೆಯಿತು. ಸ್ಟೌವಿನ ಕಿವಿ ಟಪ್ ಅಂತು. ನೊರೆ ಅಂಚಿನ ಮೇಲೆ ಒಂದು ಕ್ಷಣ ತೂಗಿ ಕೆಳಗಿಳಿಯಿತು. ಅಜ್ಜಿ ಒಲೆಕಟ್ಟೆಗೆ ಎಡಗೈ ಊರಿ ಉಸಿರು ಎಳೆದುಕೊಳ್ಳುತ್ತಿದ್ದಳು. "ಮುಕ್ತಾಯ ಸ್ವಲ್ಪದರಲ್ಲಿ ಉಳೀತು ಕಣೋ," ಅಂದಳು. "ನಿಂಗೆ ತಾಳ ಹೇಳಿಕೊಡಬೇಕು ಇನ್ನು. ನಾಳೆ ಬೆಳಗ್ಗೆ ಬೇಗ ಏಳು."

ಇಲ್ಲಿ ಯಾರೂ ಕಾಲ, ಯಂತ್ರ, ಪಟ್ಟು ಅಂತ ಮಾತಾಡಿಲ್ಲ. ಆದರೆ ಉಸಿರಿನ ಮಿತಿ, ಎಡಗೈ ಮಾತ್ರ ಬಿಡುವಿರುವುದು, ಮುಕ್ತಾಯದ ಆತಂಕ, ಏರಿದ ಶ್ರುತಿ, ಎಲ್ಲವೂ ಬಂದುಹೋಯಿತು.

ಹಂತ 9: ತೂತುಗಳನ್ನು ನೀವೇ ಮುಚ್ಚಿ

ಓದುಗರು ಮೊದಲು ಕೇಳುವುದು: ಮೊಬೈಲಿನಲ್ಲಿ ರೆಕಾರ್ಡ್ ಮಾಡಿ ಹಚ್ಚಿದರೆ ಆಗುವುದಿಲ್ಲವೇ? ಇದಕ್ಕೆ ಕಥೆ ಶುರುವಾದ ಕೆಲವೇ ಪುಟಗಳಲ್ಲಿ ಉತ್ತರ ಇರಬೇಕು. ದನಿಗಾಣದ ಚರ್ಮ ಶಬ್ದಕ್ಕೆ ಮಾತ್ರ ಓಗೊಡುವುದಿಲ್ಲ, ಬಾಯಿಂದ ಬರುವ ಬಿಸಿ ಉಸಿರಿನ ತೇವದಿಂದ ಹದಗೊಂಡರೆ ಮಾತ್ರ ಕಂಪಿಸುತ್ತದೆ. ಮೊಬೈಲಿಗೆ ಉಸಿರಿಲ್ಲ. ಇಷ್ಟು ಹೇಳಿದರೆ ಸಾಕು. ಯಾರಾದರೂ ಒಬ್ಬ ಪಾತ್ರ ಅದನ್ನು ಪ್ರಯತ್ನಿಸಿ ಸೋಲುವುದನ್ನು ತೋರಿಸಿದರೆ ಇನ್ನೂ ಒಳ್ಳೆಯದು.

ಮಾತು ಬಾರದವರು ನುಡಿಸಬಹುದೇ? ನನ್ನ ಉತ್ತರ: ತಾಳ ಹಾಕಿ ಒಳಗೆ ಬರಬಹುದು. ಕಿವಿ ಕೇಳದವರೂ ಅಷ್ಟೇ, ಎದುರಿನವರ ಕೈ ನೋಡಿ ತಾಳ ಹಿಡಿಯಬಹುದು. ಕಥೆಯಲ್ಲಿ ಅಂಥವರಿಗೆ ಜಾಗ ಇರಲಿ. ಎಲ್ಲರೂ ದನಿಯ ಹಿಂದೆ ಬಿದ್ದಿರುವಾಗ ತಾಳವನ್ನು ಸ್ವಲ್ಪವೂ ಅಲ್ಲಾಡದ ಹಾಗೆ ಹಿಡಿದವರು ಅವರೇ ಆಗಬಹುದು.

ಒಂದು ಉಸಿರು ಮುಗಿದ ಕೂಡಲೇ ಇನ್ನೊಂದು ಎಳೆದು ಮತ್ತೆ ಶುರು ಮಾಡಬಹುದೇ? ಮಾಡಬಹುದು. ಆದರೆ ಪ್ರತಿ ಸಲವೂ ಸಮದಿಂದಲೇ ಎತ್ತಬೇಕು, ಮತ್ತು ಆ ಮಧ್ಯದ ಉಸಿರಿನ ಹೊತ್ತು ಜಗತ್ತು ಮಾಮೂಲಿ ವೇಗದಲ್ಲಿ ಓಡುತ್ತಿರುತ್ತದೆ.

ಸಂಗೀತ ಗೊತ್ತಿಲ್ಲದ ಓದುಗರಿಗೆ ತೊಡಕಾಗದ ಹಾಗೂ ನೋಡಿಕೊಳ್ಳಿ. ಆದಿತಾಳ, ಸಮ, ಮುಕ್ತಾಯ, ಈ ಮೂರು ಪದ ಸಾಕು. ಒಂದೊಂದನ್ನೂ ಮೊದಲ ಸಲ ಬಂದಾಗ ಕೈಯ ಚಲನೆಯ ಜೊತೆ ತೋರಿಸಿ. ಇನ್ನು ನೀವು ಬರೆದ ನುಡಿಸುವ ದೃಶ್ಯಗಳನ್ನೆಲ್ಲ ಕೈಯಲ್ಲಿ ತಾಳ ಹಾಕುತ್ತಾ ಗಟ್ಟಿಯಾಗಿ ಓದಿ. ಪಾತ್ರ ಒಂದೇ ಉಸಿರಿನಲ್ಲಿ ಹೇಳುತ್ತದೆ ಅಂತ ಬರೆದದ್ದನ್ನು ನೀವೂ ಒಂದೇ ಉಸಿರಿನಲ್ಲಿ ಹೇಳಿ ನೋಡಿ. ನಿಮ್ಮ ಉಸಿರು ಎಲ್ಲಿ ಮುಗಿಯುತ್ತದೋ ಅಲ್ಲಿ ಪೆನ್ಸಿಲ್ಲಿನಲ್ಲಿ ಗೆರೆ ಎಳೆಯಿರಿ, ಮುಕ್ತಾಯವನ್ನು ಆ ಗೆರೆಯ ಹಿಂದಕ್ಕೆ ತನ್ನಿ.